‘ಅನಾದಿ ಕಾಲದಿಂದ’ ಎಂಬ ಸಾಲು

ಕಥೆ ಬರೆಯುವವನಿಗೆ ಮೊಹಲ್ಲಾದಲ್ಲಿರುವ ನಿಜವಾದ ಉದ್ಯೋಗ ಅರ್ಜಿ ಬರೆದುಕೊಡುವುದು. ಉರ್ದು ಶಾಲೆಯಲ್ಲಿ ಅಲಿಫ್ ಬೇ ಕಲಿತು ಆಮೇಲೆ ಕನ್ನಡ ಮಾಧ್ಯಮಕ್ಕೆ ಸೇರಿದ ನಮ್ಮಂಥವರಿಗೆ ಇದು ತಪ್ಪಿದ್ದಲ್ಲ. ರೇಷನ್ ಕಾರ್ಡಿನ ತಿದ್ದುಪಡಿಯಿಂದ ಹಿಡಿದು ಕಬರಸ್ತಾನದ ಕಾಂಪೌಂಡಿನವರೆಗೆ, ಸರಕಾರಕ್ಕೆ ಕನ್ನಡದಲ್ಲಿ ಹೇಳಬೇಕಾದದ್ದೆಲ್ಲ ನಮ್ಮ ಮನೆ ಬಾಗಿಲಿಗೆ ಬರುತ್ತದೆ. ನಮ್ಮ ಕಥೆಗಳನ್ನು ಓದಿದವರು ಆ ಬೀದಿಯಲ್ಲಿ ಇಬ್ಬರೋ ಮೂವರೋ ಇರಬಹುದು. ನಮ್ಮ ಅರ್ಜಿಗಳನ್ನು ಓದಿದವರು ಅದಕ್ಕಿಂತ ಎಷ್ಟೋ ಹೆಚ್ಚು.

2010ರ ಆರಂಭದ ಒಂದು ಸಂಜೆ, ಮಗ್ರಿಬ್ ನಮಾಝ್ ಆದ ಮೇಲೆ, ನಮ್ಮ ಮಸೀದಿಯ ಕಾರ್ಯದರ್ಶಿಗಳಾಗಿದ್ದ ಹಾಜಿ ಸಾಬರು ಇನ್ನಿಬ್ಬರನ್ನು ಕರೆದುಕೊಂಡು ಬಂದರು. ಜಯನಗರ ಮುಗಿದು ಬಿ.ಟಿ.ಎಂ. ಬಡಾವಣೆ ಶುರುವಾಗುವ ಕಡೆ ನಮ್ಮ ಮೊಹಲ್ಲಾ. ಸರಕಾರಿ ಜಾಗದಲ್ಲಿರುವ ಪ್ರಾರ್ಥನಾ ಸ್ಥಳಗಳ ಪಟ್ಟಿ ಮಾಡಲು ಅಧಿಕಾರಿಗಳು ಬಂದು ಹೋಗಿದ್ದರು. ನಮ್ಮ ಮಸೀದಿಯ ಗೋಡೆಗೂ ಟೇಪು ಹಿಡಿದಿದ್ದರು. ಒಂದು ಮನವಿ ಕೊಡಬೇಕಾಗಿತ್ತು.

"ಬೇಟಾ, ಐವತ್ತು ವರ್ಷದಿಂದ ಇದೆ ಅಂತ ಬರಿ" ಎಂದರು ಹಾಜಿ ಸಾಬರು.

ನಾವು ಪೆನ್ನು ಹಿಡಿದು ಕೂತೆವು. ಆ ಜಾಗದಲ್ಲಿ ನಾವೇ ಕ್ರಿಕೆಟ್ ಆಡಿದ್ದೆವು. ಈಗ ವುಝೂ ಮಾಡುವ ನಲ್ಲಿಗಳಿರುವ ಕಡೆ ನಮ್ಮ ವಿಕೆಟ್ ಇತ್ತು. ತಗಡಿನ ಶೆಡ್ಡು ಎದ್ದದ್ದು 1998ರಲ್ಲಿ. ಅದರ ಕಂಬ ಹೂಳುವಾಗ ಕಲ್ಲು ಹೊತ್ತವರಲ್ಲಿ ನಾವೂ ಒಬ್ಬರು. ಐವತ್ತು ವರ್ಷ ಎಂದರೆ 1960ರ ಲೆಕ್ಕ. ಆಗ ಅಲ್ಲಿ ರಾಗಿ ಹೊಲ, ಅದರ ಅಂಚಿಗೊಂದು ಹುಣಿಸೆ ಮರ ಎಂದು ನಮ್ಮ ಅಬ್ಬಾ ಹೇಳುತ್ತಿದ್ದರು. ಇದನ್ನೆಲ್ಲ ಹೇಳಿದಾಗ ಹಾಜಿ ಸಾಬರು ಸಿಟ್ಟಾಗಲಿಲ್ಲ, ನಕ್ಕರು. "ಕಹಾನಿ ಬರೆಯೋ ಆದ್ಮಿ ಅಲ್ವಾ ನೀನು? ಇದನ್ನೂ ಒಂದು ಕಹಾನಿ ಅಂತ ಬರಿ."

ಬರೆದೆವು. ಐವತ್ತು ಎಂಬ ಅಂಕಿ ಬರೆಯಲು ಮಾತ್ರ ಕೈ ಬರಲಿಲ್ಲ. ಅದರ ಬದಲು, ‘ಸದರಿ ಸ್ಥಳದಲ್ಲಿ ಅನಾದಿ ಕಾಲದಿಂದಲೂ ಪ್ರಾರ್ಥನೆ ನಡೆದುಕೊಂಡು ಬಂದಿರುತ್ತದೆ’ ಎಂದು ಬರೆದೆವು. ಅಂಕಿಯನ್ನು ಯಾರಾದರೂ ಪರೀಕ್ಷಿಸಬಹುದು, ಅನಾದಿಯನ್ನು ಯಾರು ಪರೀಕ್ಷಿಸುತ್ತಾರೆ? ಸಣ್ಣ ಸುಳ್ಳಿಗೆ ನಾಚಿ ದೊಡ್ಡ ಸುಳ್ಳನ್ನು ಬರೆದ ಆ ಸಂಜೆ ನಮಗೆ ಇವತ್ತಿಗೂ ಮರೆತಿಲ್ಲ.

ಮರುದಿನ ಅದನ್ನು ಡಿ.ಟಿ.ಪಿ. ಅಂಗಡಿಗೆ ಒಯ್ದಾಗ ಟೈಪು ಮಾಡುವ ಹುಡುಗ ಮೊದಲ ಪ್ಯಾರಾ ನೋಡಿ, "ಸಾರ್, ಈ ಲೈನು ನಮ್ಮ ಹತ್ರ ರೆಡಿ ಇದೆ" ಎಂದ. ಕಂಪ್ಯೂಟರಿನಲ್ಲಿ ತೆರೆದು ತೋರಿಸಿದ. ಜೆ.ಪಿ. ನಗರದ ಒಂದು ದೇವಸ್ಥಾನದ ಸಮಿತಿಯದು, ಬನಶಂಕರಿ ಕಡೆಯ ಇನ್ನೊಂದರದು. ಅದೇ ಸದರಿ ಸ್ಥಳ, ಅದೇ ಅನಾದಿ ಕಾಲ. ಅವರದರಲ್ಲಿ ‘ಭಕ್ತಾದಿಗಳು’ ಎಂದಿದ್ದ ಕಡೆ ನಮ್ಮದರಲ್ಲಿ ‘ಜಮಾಅತಿನ ಸದಸ್ಯರು’ ಎಂದು ಮಾಡಿದರೆ ಮುಗಿಯಿತು. ಹುಡುಗ ಹಾಗೆಯೇ ಮಾಡಿಕೊಟ್ಟ, ಅರ್ಧ ದುಡ್ಡು ತಗೊಂಡ. ಬೇರೆ ಬೇರೆ ದೇವರಿಗಾಗಿ ಒಬ್ಬರ ಮೇಲೊಬ್ಬರು ಕತ್ತಿ ಮಸೆಯುವ ಜನ, ಸರಕಾರದ ಮುಂದೆ ನಿಂತಾಗ ಒಂದೇ ವಾಕ್ಯ ಒಪ್ಪಿಸುತ್ತಾರೆ. ಸೌಹಾರ್ದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ನಮಗಂತೂ ಸಿಕ್ಕಿಲ್ಲ.

ಈ ಲೇಖನದಲ್ಲಿ ನಾವು ವಿಮರ್ಶೆಗೆ ಎತ್ತಿಕೊಂಡಿರುವುದು ಆ ಒಂದು ಸಾಲನ್ನು, ಮತ್ತು ಆ ಸಾಲಿನ ಅಗತ್ಯವನ್ನೇ ಇಲ್ಲವಾಗಿಸಿದ ಒಂದು ಕಾಯ್ದೆಯನ್ನು.

ಹಾಜಿ ಸಾಬರು ನಮ್ಮ ಮನೆಗೆ ಬರುವಂತೆ ಮಾಡಿದ್ದು ದೂರದ ವಡೋದರದ ಒಂದು ಘಟನೆ. 2006ರ ಮೇ 1ರಂದು ಅಲ್ಲಿನ ನಗರಪಾಲಿಕೆ ರಸ್ತೆಗೆ ಅಡ್ಡವಿದೆಯೆಂದು ಸಯ್ಯದ್ ರಶೀದುದ್ದೀನ್ ಚಿಶ್ತಿ ಅವರ ದರ್ಗಾವನ್ನು ಕೆಡವಿತು. ಗಲಭೆಯಾಯಿತು, ಗೋಲಿಬಾರಾಯಿತು, ಜನ ಸತ್ತರು. ಮರುದಿನವೇ ಗುಜರಾತ್ ಹೈಕೋರ್ಟ್ ತಾನಾಗಿಯೇ ಪ್ರಕರಣ ಎತ್ತಿಕೊಂಡು, ಸಾರ್ವಜನಿಕ ಜಾಗದಲ್ಲಿರುವ ಇಂಥ ಕಟ್ಟಡಗಳನ್ನೆಲ್ಲ ತೆಗೆಯಿರಿ ಎಂದಿತು. ಕೇಂದ್ರ ಸರಕಾರ ಸುಪ್ರೀಂ ಕೋರ್ಟಿಗೆ ಹೋಗಿ ತಡೆ ತಂದಿತು. ಆ ಪ್ರಕರಣದಲ್ಲೇ 2009ರ ಸೆಪ್ಟೆಂಬರ್ 29ರಂದು ಸುಪ್ರೀಂ ಕೋರ್ಟ್ ಮಧ್ಯಂತರ ಆದೇಶ ಕೊಟ್ಟಿತು. ಇನ್ನು ಮುಂದೆ ರಸ್ತೆ, ಉದ್ಯಾನ, ಸಾರ್ವಜನಿಕ ಸ್ಥಳಗಳಲ್ಲಿ ದೇವಸ್ಥಾನ, ಚರ್ಚು, ಮಸೀದಿ, ಗುರುದ್ವಾರ ಯಾವುದನ್ನೂ ಅನಧಿಕೃತವಾಗಿ ಕಟ್ಟಕೂಡದು. ಈಗಾಗಲೇ ಇರುವವನ್ನು ರಾಜ್ಯ ಸರಕಾರಗಳು ಒಂದೊಂದಾಗಿ ಪರಿಶೀಲಿಸಿ ತೀರ್ಮಾನಿಸಬೇಕು. ಆದೇಶದ ತಿರುಳು ಇಷ್ಟೇ.

‘ಒಂದೊಂದಾಗಿ’ ಎಂಬ ಮಾತನ್ನು ಓದುಗರು ಗಮನಿಸಬೇಕು. ದಕ್ಷಿಣ ಬೆಂಗಳೂರನ್ನು ಬಲ್ಲವರಿಗೆ ಆ ಮಾತಿನ ಬೆಲೆ ಗೊತ್ತಾಗುತ್ತದೆ.

ಜಯನಗರಕ್ಕೆ ಅಡಿಗಲ್ಲು ಬಿದ್ದದ್ದು 1948ರಲ್ಲಿ, ಸಿ. ರಾಜಗೋಪಾಲಾಚಾರಿ ಅವರ ಕೈಯಿಂದ. ಬಡಾವಣೆ ಮಾಡಲೆಂದು ನಗರ ಅಭಿವೃದ್ಧಿ ವಿಶ್ವಸ್ತ ಮಂಡಳಿ ಬಂದದ್ದು 1945ರಲ್ಲಿ. ಅದು ಬೆಂಗಳೂರು ಅಭಿವೃದ್ಧಿ ಪ್ರಾಧಿಕಾರವಾದದ್ದು 1976ರಲ್ಲಿ. ಅದಕ್ಕೂ ಮುಂಚೆ ಇಲ್ಲಿದ್ದದ್ದು ಸಿದ್ಧಾಪುರ, ಯಡಿಯೂರು, ಸಾರಕ್ಕಿ, ಮಾರೇನಹಳ್ಳಿ, ಜರಗನಹಳ್ಳಿ, ಗುರಪ್ಪನಪಾಳ್ಯ. ಬಿ.ಟಿ.ಎಂ. ಎಂಬ ಮೂರು ಅಕ್ಷರಗಳೇ ಬೈರಸಂದ್ರ, ತಾವರೆಕೆರೆ, ಮಡಿವಾಳ ಎಂಬ ಮೂರು ಊರುಗಳ ಹೆಸರು. ಊರೆಂದ ಮೇಲೆ ಅಲ್ಲೊಂದು ಮಾರಮ್ಮ, ಕೆರೆ ಏರಿಯ ಮೇಲೊಬ್ಬ ಮುನೇಶ್ವರ, ಅಶ್ವತ್ಥಕಟ್ಟೆಯ ನಾಗರಕಲ್ಲುಗಳು. ಮುಸಲ್ಮಾನರ ನಾಲ್ಕು ಮನೆಗಳಿದ್ದರೆ ಪಂಜಾ ಇಡುವ ಒಂದು ಜಾಗ, ಯಾರೋ ಫಕೀರರ ಮಜಾರು. ಸರ್ವೇಯರ್ ಬಂದು ಸರಪಳಿ ಎಳೆದು, ಗೋಮಾಳವನ್ನೂ ಗುಂಡುತೋಪನ್ನೂ ಸ್ವಾಧೀನ ಮಾಡಿಕೊಂಡು, ನಕ್ಷೆಯಲ್ಲಿ ಪಾರ್ಕು ಎಂದು ಹಸಿರು ಬಳಿದ ದಿನ ಆ ಮಾರಮ್ಮ ಅನಧಿಕೃತಳಾದಳು. ಅವಳು ಸರಕಾರದ ಜಾಗಕ್ಕೆ ಬರಲಿಲ್ಲ, ಅವಳಿದ್ದ ಜಾಗಕ್ಕೆ ಸರಕಾರ ಬಂತು. ಅವಳ ಅರ್ಜಿಯಲ್ಲಿ ಅನಾದಿ ಕಾಲ ಎಂದು ಬರೆದರೆ ಅದು ಸುಳ್ಳಲ್ಲ.

ಆದರೆ ಅದೇ ಪಾರ್ಕಿನ ಇನ್ನೊಂದು ಮೂಲೆಯ ಕಥೆ ಬೇರೆ. ಬೆಂಗಳೂರಿನ ಗೋಡೆಗಳ ಮೇಲೆ ದೇವರ ಟೈಲ್ಸ್ ಅಂಟಿಸುವುದನ್ನು ಎಲ್ಲರೂ ನೋಡಿದ್ದಾರೆ. ಗಣಪತಿ, ಏಸು, ಕಾಬಾ ಮೂರನ್ನೂ ಸಾಲಾಗಿ ಅಂಟಿಸಿರುತ್ತಾರೆ, ಜನ ಅಲ್ಲಿ ಮೂತ್ರ ಮಾಡದಿರಲಿ ಎಂದು. ಪಾಲಿಕೆಯ ಕೆಲಸವನ್ನು ದೇವರುಗಳಿಗೆ ವಹಿಸಿಕೊಟ್ಟ ನಗರ ಇದು. ಟೈಲ್ಸ್ ಮುಂದೆ ಯಾರೋ ಹೂವಿಡುತ್ತಾರೆ. ಹೂವಿನ ಮುಂದೆ ದೀಪ, ದೀಪಕ್ಕೆ ಗಾಳಿ ತಾಗದಿರಲು ಗೂಡು, ಗೂಡಿಗೆ ಗ್ರಿಲ್ಲು, ಗ್ರಿಲ್ಲಿಗೆ ಬೀಗ, ಬೀಗದ ಪಕ್ಕ ಹುಂಡಿ. ಹುಂಡಿ ಬಂದ ಮೇಲೆ ಸಮಿತಿ, ಸಮಿತಿ ಬಂದ ಮೇಲೆ ಕಾರ್ಪೊರೇಟರರ ಹೆಸರಿನ ಬೋರ್ಡು. ನಮ್ಮ ಕಡೆಯ ಕ್ರಮ ಸ್ವಲ್ಪ ಬೇರೆ. ಮೊದಲು ಹಸಿರು ಚಾದರ್, ಇಲ್ಲವೇ ರಮಝಾನಿನ ತರಾವೀಹ್ ನಮಾಝಿಗೆಂದು ಒಂದು ತಿಂಗಳಿಗೆ ಹಾಕಿದ ಶಾಮಿಯಾನ. ಈದ್ ಆದ ಮೇಲೂ ಶಾಮಿಯಾನದ ಕಂಬ ಕೀಳುವುದಿಲ್ಲ. ಬಟ್ಟೆ ಹೋಗಿ ತಗಡು, ತಗಡು ಹೋಗಿ ಆರ್.ಸಿ.ಸಿ., ಆಮೇಲೆ ಮಿನಾರು. ನಮ್ಮ ಮಸೀದಿ ಬೆಳೆದದ್ದು ಹೀಗೆಯೇ, ನಮ್ಮ ಕಣ್ಣ ಮುಂದೆ.

ಹೀಗಾಗುವುದಕ್ಕೆ ಕಾರಣ ಜನರ ದುರಾಸೆಯೊಂದೇ ಎಂದರೆ ಅನ್ಯಾಯವಾಗುತ್ತದೆ. ಪ್ರಾಧಿಕಾರದ ಬಡಾವಣೆಗಳಲ್ಲಿ ನಾಗರಿಕ ಸೌಲಭ್ಯದ ನಿವೇಶನಗಳಿರುತ್ತವೆ, ಜನ ಸಿ.ಎ. ಸೈಟು ಎನ್ನುತ್ತಾರೆ. ಕಾಯ್ದೆಯ ಪ್ರಕಾರ ನೋಂದಾಯಿತ ಸಂಘ ಅಥವಾ ಟ್ರಸ್ಟು ಧಾರ್ಮಿಕ ಉದ್ದೇಶಕ್ಕೂ ಅದನ್ನು ಗುತ್ತಿಗೆಗೆ ಕೇಳಬಹುದು. 1989ರ ನಿಯಮಗಳಡಿ ಮೂವತ್ತು ವರ್ಷದ ಗುತ್ತಿಗೆ ಕೊಡುತ್ತಿದ್ದರು. ನೇರ ದಾರಿ ಇದೆ. ಆದರೆ ಆ ದಾರಿಯಲ್ಲಿ ನಡೆಯಲು ನೋಂದಣಿ ಪತ್ರ ಬೇಕು, ಲೆಕ್ಕಪತ್ರ ಬೇಕು, ಕಟ್ಟಲು ದುಡ್ಡು ಬೇಕು, ಮೇಲೆ ಹೇಳಿಸುವವರು ಬೇಕು. ಜಯನಗರದ ಬ್ಲಾಕುಗಳಲ್ಲಿ ಇವೆಲ್ಲ ಇದ್ದವರಿದ್ದರು. ಇಲಿಯಾಸ್ ನಗರ, ಯಾರಬ್ ನಗರದಂಥ ಕಡೆ, ಮೂವತ್ತಕ್ಕೆ ನಲವತ್ತರ ಸೈಟನ್ನೂ ಮೂರು ಪಾಲು ಮಾಡಿಕೊಂಡು ಬದುಕುವ ಜನರ ನಡುವೆ, ಸಿ.ಎ. ಸೈಟಿಗೆ ಜಾಗ ಎಲ್ಲಿ? ಗಾರೆ ಕೆಲಸದವನಿಗೆ, ಬೀಡಿ ಕಟ್ಟುವವನಿಗೆ, ಗ್ಯಾರೇಜಿನ ಹುಡುಗನಿಗೆ ದಿನಕ್ಕೆ ಐದು ಸಲ ನಡೆದು ಹೋಗುವಷ್ಟು ಹತ್ತಿರದಲ್ಲಿ ಮಸೀದಿ ಬೇಕಿತ್ತು. ಅದನ್ನು ಸರಕಾರ ಒಂದು ಅಗತ್ಯವೆಂದು ನೋಡಲಿಲ್ಲ, ನಾವು ಕಾನೂನನ್ನು ನೋಡಲಿಲ್ಲ.

ಇಷ್ಟು ಹೇಳಿದ ಮೇಲೆ ನಮ್ಮ ಮೇಲಿನ ದೂರನ್ನೂ ಹೇಳಬೇಕು. ಆ ಬಯಲು ಕ್ರಿಕೆಟ್ಟಿನದು ಮಾತ್ರ ಆಗಿರಲಿಲ್ಲ. ಮಧ್ಯಾಹ್ನ ಮನೆಗೆಲಸ ಮುಗಿಸಿದ ಹೆಂಗಸರು ಅಲ್ಲಿ ಅಕ್ಕಿ ಆರಿಸುತ್ತ ಕೂರುತ್ತಿದ್ದರು. ನಮ್ಮ ಅಮ್ಮೀಜಾನ್ ಮತ್ತು ಪಕ್ಕದ ಮನೆಯ ರತ್ನಮ್ಮನವರು ಹಪ್ಪಳ ಒಣಗಿಸಿದ್ದು ಅಲ್ಲೇ. ಹೆಣ್ಣುಮಕ್ಕಳು ಕುಂಟೆಬಿಲ್ಲೆ ಆಡಿದ್ದು ಅಲ್ಲೇ. ಮಸೀದಿ ಎದ್ದ ಮೇಲೆ ಗಂಡಸರಿಗೆ ಒಂದು ಜಾಗ ಹೋಗಿ ಇನ್ನೊಂದು ಜಾಗ ಬಂತು. ಹೆಂಗಸರಿಗೆ ಇದ್ದದ್ದು ಹೋಯಿತು, ಬಂದದ್ದು ಏನೂ ಇಲ್ಲ. ನಮ್ಮ ಮಸೀದಿಯಲ್ಲಿ ಅವರು ನಮಾಝ್ ಮಾಡಲು ಇಂದಿಗೂ ಒಂದು ಚಾಪೆಯ ಜಾಗ ಇಲ್ಲ. ಸಾರ್ವಜನಿಕ ಜಾಗವನ್ನು ದೇವರಿಗೆ ಕೊಟ್ಟೆವು ಎನ್ನುತ್ತೇವೆ. ವಾಸ್ತವದಲ್ಲಿ ನಾವು ಅದನ್ನು ನಮ್ಮ ಅಕ್ಕತಂಗಿಯರಿಂದ ಕಿತ್ತುಕೊಂಡೆವು, ಅರ್ಜಿಯಲ್ಲಿ ಅವರ ಸಹಿಯನ್ನೂ ಕೇಳಲಿಲ್ಲ. ಬಯಲಿನ ಆ ದಿನಗಳ ಬಗ್ಗೆ ಒಂದು ಕಥೆ ಬರೆಯಬೇಕೆಂದು ಹದಿನೈದು ವರ್ಷದಿಂದ ಅಂದುಕೊಳ್ಳುತ್ತಿದ್ದೇವೆ, ಆಗಿಲ್ಲ.

ಪಾರ್ಕಿನ ವಿಷಯದಲ್ಲಿ ಬೆಂಗಳೂರಿನ ಕಾನೂನು ಸಡಿಲವೇನಲ್ಲ. ಉದ್ಯಾನ, ಆಟದ ಮೈದಾನಗಳನ್ನು ಕಾಪಾಡಲು 1985ರ ಕಾಯ್ದೆ ಇದೆ. ರಾಜಮಹಲ್ ವಿಲಾಸ್ ಬಡಾವಣೆಯಲ್ಲಿ ಪಾರ್ಕಿಗೆಂದು ಬಿಟ್ಟ ಜಾಗವನ್ನು ಖಾಸಗಿ ಆಸ್ಪತ್ರೆಗೆ ಕೊಟ್ಟಾಗ ನೆರೆಯವರು ಕೋರ್ಟಿಗೆ ಹೋದರು, 1991ರಲ್ಲಿ ಸುಪ್ರೀಂ ಕೋರ್ಟ್ ಕೊಡಕೂಡದು ಎಂದಿತು. ರೋಗಿಗಳ ಹೆಸರಿನಲ್ಲೂ ಪಾರ್ಕನ್ನು ತೆಗೆದುಕೊಳ್ಳುವಂತಿಲ್ಲ ಎಂದಾದ ಊರಿನಲ್ಲಿ ದೇವರ ಹೆಸರಿನಲ್ಲಿ ತೆಗೆದುಕೊಂಡದ್ದು ಉಳಿಯುತ್ತದೆ.

ಹೇಗೆ ಉಳಿಯಿತು ಎಂಬುದಕ್ಕೆ ಈಗ ಬರೋಣ. 2018ರ ಜನವರಿ 31ರಂದು ಸುಪ್ರೀಂ ಕೋರ್ಟ್ ಈ ಪ್ರಕರಣದ ಉಸ್ತುವಾರಿಯನ್ನು ಆಯಾ ರಾಜ್ಯದ ಹೈಕೋರ್ಟುಗಳಿಗೆ ವಹಿಸಿತು. ನಮ್ಮಲ್ಲಿ ಮುಖ್ಯ ನ್ಯಾಯಮೂರ್ತಿಗಳಾಗಿದ್ದ ಅಭಯ್ ಓಕ ಅವರ ಪೀಠ ಸರಕಾರವನ್ನೂ ಪಾಲಿಕೆಯನ್ನೂ ಬೆನ್ನು ಹತ್ತಿತು. 2021ರ ಜುಲೈ 1ರಂದು ಮುಖ್ಯ ಕಾರ್ಯದರ್ಶಿಗಳು ಜಿಲ್ಲಾಡಳಿತಗಳಿಗೆ ಪತ್ರ ಬರೆದರು. ರಾಜ್ಯದಲ್ಲಿ ಇಂಥ ಕಟ್ಟಡಗಳ ಸಂಖ್ಯೆ 6,395 ಎಂದು ಆಗ ಹೊರಬಂತು. ಅದೇ ವರ್ಷದ ಸೆಪ್ಟೆಂಬರ್ ಎರಡನೇ ವಾರದಲ್ಲಿ ನಂಜನಗೂಡು ತಾಲ್ಲೂಕಿನ ಹುಚ್ಚಗಣಿಯಲ್ಲಿ ಮಹದೇವಮ್ಮನ ಗುಡಿಯನ್ನು ತಹಶೀಲ್ದಾರರು ಜೆ.ಸಿ.ಬಿ. ತಂದು ಕೆಡವಿಸಿದರು. ವಿಡಿಯೋ ಎಲ್ಲರ ಮೊಬೈಲಿಗೂ ಬಂತು. ಆಳುವ ಪಕ್ಷದವರೂ ವಿರೋಧ ಪಕ್ಷದವರೂ ಪೈಪೋಟಿಯಲ್ಲಿ ಖಂಡಿಸಿದರು. ಎರಡು ವಾರ ಕಳೆಯುವಷ್ಟರಲ್ಲಿ, ಸೆಪ್ಟೆಂಬರ್ 21ರಂದು, ವಿಧಾನಸಭೆ ಧಾರ್ಮಿಕ ಕಟ್ಟಡಗಳ ಸಂರಕ್ಷಣಾ ವಿಧೇಯಕವನ್ನು ಅಂಗೀಕರಿಸಿತು. ಆಮೇಲೆ ಅದು ಕಾಯ್ದೆಯಾಯಿತು.

ಕಾಯ್ದೆ ಬಹಳ ಚಿಕ್ಕದು, ಒಂದು ಸಣ್ಣ ಕಥೆಯಷ್ಟೂ ಉದ್ದವಿಲ್ಲ. ಆದರೆ ಓದುತ್ತಿದ್ದಂತೆ, ಇದನ್ನು ಬರೆದವರು ನಮ್ಮ ಡಿ.ಟಿ.ಪಿ. ಅಂಗಡಿಯ ಹುಡುಗನಿಗಿಂತ ಬುದ್ಧಿವಂತರು ಎಂದು ಅನ್ನಿಸಿತು. ಯಾವುದೇ ಕಾನೂನಿನಲ್ಲಿ, ಯಾವುದೇ ಕೋರ್ಟಿನ ತೀರ್ಪು ಅಥವಾ ಆದೇಶದಲ್ಲಿ ಏನೇ ಇದ್ದರೂ, ಕಾಯ್ದೆ ಜಾರಿಗೆ ಬಂದ ದಿನ ಸಾರ್ವಜನಿಕ ಸ್ಥಳದಲ್ಲಿ ನಿಂತಿರುವ ಧಾರ್ಮಿಕ ಕಟ್ಟಡವನ್ನು ಸರಕಾರ ರಕ್ಷಿಸತಕ್ಕದ್ದು ಎಂಬುದು ಅದರ ಜೀವಾಳ. ಕಟ್ಟಡ ಎಂದರೆ ಏನು ಎಂದು ಹೇಳುವಾಗ ದೇವಸ್ಥಾನದ ಜೊತೆಗೆ ಮಸೀದಿ, ಚರ್ಚು, ಮಜಾರುಗಳನ್ನೂ ಸೇರಿಸಿದ್ದಾರೆ. ಅಂದರೆ ಅನಾದಿ ಕಾಲ ಬೇಡ, ಐವತ್ತು ವರ್ಷವೂ ಬೇಡ. ಆ ದಿನ ಬೆಳಿಗ್ಗೆ ನಿಂತಿದ್ದರೆ ಸಾಕು. ಬೈರಸಂದ್ರದ ಹಳೆಯ ಮಾರಮ್ಮನೂ ಹಿಂದಿನ ತಿಂಗಳು ಫುಟ್‌ಪಾತಿನ ಮೇಲೆ ಗ್ರಾನೈಟ್ ಹಾಕಿಸಿಕೊಂಡು ಎದ್ದ ಗೂಡೂ ಕಾಯ್ದೆಯ ಕಣ್ಣಿಗೆ ಒಂದೇ. ಸುಪ್ರೀಂ ಕೋರ್ಟ್ ಒಂದೊಂದಾಗಿ ನೋಡಿ ಎಂದದ್ದನ್ನು ಇದು ಒಟ್ಟಾಗಿ ನುಂಗಿತು. ಒಂದೊಂದಾಗಿ ನೋಡಿದ್ದರೆ ಹಳೆಯದಕ್ಕೆ ನ್ಯಾಯ ಸಿಗುತ್ತಿತ್ತು, ರಸ್ತೆಯ ನಡುವಿನದಕ್ಕೆ ಪಕ್ಕದಲ್ಲಿ ಬೇರೆ ಜಾಗ ಸಿಗಬಹುದಿತ್ತು, ವ್ಯಾಪಾರಕ್ಕೆ ಕಟ್ಟಿದ್ದಕ್ಕೆ ಬಾಗಿಲು ಬೀಳುತ್ತಿತ್ತು.

ಇನ್ನೂ ಸೂಕ್ಷ್ಮವಾದದ್ದು ವಿನಾಯಿತಿಯ ಮಾತು. ತೆರವಿನ ಬಗ್ಗೆ ಕೋರ್ಟಿನಲ್ಲಿ ಪ್ರಕರಣ ಬಾಕಿ ಇರುವ ಕಟ್ಟಡಕ್ಕೆ ಈ ರಕ್ಷಣೆ ಇಲ್ಲ. ಕೇಳಲು ನ್ಯಾಯವಾಗಿಯೇ ಇದೆ. ಆದರೆ ಪ್ರಕರಣ ಹಾಕುವವರು ಯಾರು? ನಿವೃತ್ತ ಇಂಜಿನಿಯರು, ವಕೀಲರು, ನಿವಾಸಿಗಳ ಸಂಘ ಇರುವ ಬೀದಿಯಲ್ಲಿ ಒಬ್ಬರಾದರೂ ಹಾಕುತ್ತಾರೆ. ಸಮಿತಿಯವರು ರಾತ್ರಿ ಮನೆ ಮುಂದೆ ಬೈಕು ನಿಲ್ಲಿಸಿ ಹಾರನ್ ಹೊಡೆದರೆ ಸಾಕು ಎಂಬಂಥ ಬೀದಿಯಲ್ಲಿ ಯಾರೂ ಹಾಕುವುದಿಲ್ಲ. ಹಾಗಾಗಿ ನೆರೆಹೊರೆಯವರು ಮಾತಾಡಲು ಧೈರ್ಯ ಮಾಡಿದ ಕಡೆ ಕಟ್ಟಡಕ್ಕೆ ರಕ್ಷಣೆ ಇಲ್ಲ, ಹೆದರಿ ಬಾಯಿ ಮುಚ್ಚಿಕೊಂಡ ಕಡೆ ಪೂರ್ತಿ ರಕ್ಷಣೆ. ರಕ್ಷಣೆ ಸಿಕ್ಕಿದ್ದು ದೇವರಿಗೋ ಆ ಭಯಕ್ಕೋ ಎಂಬುದನ್ನು ಓದುಗರೇ ಯೋಚಿಸಲಿ.

ಇದೇ ದಕ್ಷಿಣ ಬೆಂಗಳೂರಿನಲ್ಲಿ ಸರಕಾರಿ ಜಾಗದಲ್ಲಿದ್ದ ಮನುಷ್ಯರಿಗೆ ಏನಾಯಿತು? ಬಿ.ಟಿ.ಎಂ.ನಿಂದ ಹೆಚ್ಚು ದೂರವಿಲ್ಲದ ಈಜಿಪುರದಲ್ಲಿ ಪಾಲಿಕೆಯೇ ಬಡವರಿಗೆಂದು ಕಟ್ಟಿಸಿದ ವಸತಿಗಳು ಕುಸಿದು, ಜನ ಅಲ್ಲೇ ಶೆಡ್ಡು ಹಾಕಿಕೊಂಡಿದ್ದರು. 2013ರ ಜನವರಿಯಲ್ಲಿ, ಚಳಿಯಲ್ಲಿ, ಸಾವಿರಕ್ಕೂ ಹೆಚ್ಚು ಕುಟುಂಬಗಳನ್ನು ಎಬ್ಬಿಸಿದರು. 2015ರ ಏಪ್ರಿಲ್‌ನಲ್ಲಿ ಜೆ.ಪಿ. ನಗರದ ಸಾರಕ್ಕಿ ಕೆರೆಯ ಒತ್ತುವರಿ ತೆರವೆಂದು ದುಡ್ಡು ಕೊಟ್ಟು ಕೊಂಡಿದ್ದವರ ಮನೆಗಳನ್ನೂ ಕೆಡವಿದರು. ಆಗ ಯಾವ ವಿಧೇಯಕವೂ ಎರಡು ವಾರದಲ್ಲಿ ಬರಲಿಲ್ಲ. ಎ.ಟಿ. ರಾಮಸ್ವಾಮಿ ಅವರ ಅಧ್ಯಕ್ಷತೆಯ ಸದನ ಸಮಿತಿ 2007ರಲ್ಲೇ ಬೆಂಗಳೂರು ನಗರ ಜಿಲ್ಲೆಯಲ್ಲಿ ಸುಮಾರು 27 ಸಾವಿರ ಎಕರೆ ಸರಕಾರಿ ಜಮೀನು ಒತ್ತುವರಿಯಾಗಿದೆ ಎಂದು ವರದಿ ಕೊಟ್ಟಿತ್ತು. ಅದರ ಮುಂದೆ ಗುಡಿ, ಮಸೀದಿಗಳ ಜಾಗವೆಲ್ಲ ಸೇರಿಸಿದರೂ ಒಂದು ಹಿಡಿ ಮಣ್ಣು. ದೊಡ್ಡ ಒತ್ತುವರಿದಾರನಿಗೆ ಅನಾದಿ ಕಾಲದ ಅರ್ಜಿಯೂ ಬೇಕಾಗುವುದಿಲ್ಲ, ಅವನ ಬಳಿ ಖಾತೆಯೇ ಇರುತ್ತದೆ.

ಈ ಕಾಯ್ದೆ ಬಂದಾಗ ನಮ್ಮ ಸಮುದಾಯದಲ್ಲಿ ಸಂತೋಷವಾಯಿತು ಎಂಬುದನ್ನು ಮುಚ್ಚಿಡಬೇಕಾಗಿಲ್ಲ. ಗುಡಿಗಾಗಿ ಬಂದ ಕಾಯ್ದೆ, ನಮ್ಮ ಮಸೀದಿಯೂ ಬಚಾವಾಯಿತು ಎಂದು ಸಿಹಿ ಹಂಚಿದವರನ್ನು ನಾವು ನೋಡಿದ್ದೇವೆ. ಹಾಜಿ ಸಾಬರು ಆಗ ಹಾಸಿಗೆ ಹಿಡಿದಿದ್ದರು. "ನೋಡು ಬೇಟಾ, ನಿನ್ನ ಅರ್ಜಿಗೆ ಬರಕತ್ ಬಂತು" ಎಂದರು. ನಮಗೆ ಆ ಸಂತೋಷದಲ್ಲಿ ಪೂರ್ತಿ ಪಾಲುಗೊಳ್ಳಲು ಆಗಲಿಲ್ಲ.

ಒಂದು ಕಾರಣ ಅನುಭವದ್ದು. ಕಾಯ್ದೆ ಬಂದ ಮರುವರ್ಷ, 2022ರ ಡಿಸೆಂಬರ್ 21ರಂದು, ಹುಬ್ಬಳ್ಳಿಯ ಭೈರಿದೇವರಕೊಪ್ಪದಲ್ಲಿ ರಸ್ತೆ ಅಗಲೀಕರಣಕ್ಕಾಗಿ ಹಳೆಯ ದರ್ಗಾವನ್ನು ಪೊಲೀಸ್ ಕಾವಲಿನಲ್ಲಿ ತೆರವು ಮಾಡಿದರು. ಅದು ಭೂಸ್ವಾಧೀನದ ಪ್ರಕರಣ, ಈ ಕಾಯ್ದೆಯ ವ್ಯಾಪ್ತಿಗೆ ಬರುವುದಲ್ಲ, ಬಸ್ಸಿನ ಆ ರಸ್ತೆಗಾಗಿ ಬೇರೆ ಧರ್ಮದವರ ಕಟ್ಟಡಗಳೂ ಹೋಗಿವೆ ಎಂದು ಸರಕಾರ ಹೇಳಿತು. ಅದನ್ನು ಒಪ್ಪೋಣ. ಆದರೆ ಕಾಯ್ದೆಯ ಹೆಸರಿನಲ್ಲಿರುವ ‘ಸಂರಕ್ಷಣೆ’ಯನ್ನು ನಂಬಿ ಸಿಹಿ ಹಂಚಿದವರಿಗೆ ಅಂದು ಗೊತ್ತಾದದ್ದಿಷ್ಟು: ಯಾವ ಕಟ್ಟಡ ಯಾವ ಕಾಯ್ದೆಗೆ ಸೇರುತ್ತದೆ ಎಂದು ಹೇಳುವವರು ನಾವಲ್ಲ.

ಎರಡನೆಯದು ತರ್ಕದ್ದು. ನಮ್ಮ ಹಳೆಯ ಮಸೀದಿ, ಕಬರಸ್ತಾನಗಳಲ್ಲಿ ಎಷ್ಟೋ ಕಾಗದವಿಲ್ಲದವು. ಯಾರೋ ಕೊಟ್ಟರು, ಎಲ್ಲರೂ ಬಳಸಿದರು, ತಲೆಮಾರು ಕಳೆಯಿತು. ಕಾನೂನು ಅದನ್ನು ‘ಬಳಕೆಯಿಂದಾದ ವಕ್ಫ್’ ಎಂದು ಗುರುತಿಸುತ್ತಿತ್ತು. ಅಂದರೆ ದೀರ್ಘಕಾಲ ಎಂಬುದಕ್ಕೆ ಒಂದು ಬೆಲೆ ಇತ್ತು, ಅದನ್ನು ಸಾಬೀತು ಮಾಡಬೇಕಿತ್ತು. 2025ರ ಏಪ್ರಿಲ್ 8ರಂದು ಜಾರಿಗೆ ಬಂದ ವಕ್ಫ್ ತಿದ್ದುಪಡಿ ಕಾಯ್ದೆ ಇನ್ನು ಮುಂದೆ ಹಾಗೆ ವಕ್ಫ್ ಆಗುವುದನ್ನು ತೆಗೆದುಹಾಕಿತು. ಈ ಮೊದಲೇ ನೋಂದಣಿಯಾದವು ಉಳಿದವು, ಆದರೆ ವಿವಾದದಲ್ಲಿರುವವು ಮತ್ತು ಸರಕಾರಿ ಜಮೀನೆಂದು ಹೇಳಲಾಗುವವು ಬಿಟ್ಟು. ಅದೇ ವರ್ಷದ ಸೆಪ್ಟೆಂಬರ್ 15ರಂದು ಸುಪ್ರೀಂ ಕೋರ್ಟ್ ಕೆಲವು ಅಂಶಗಳನ್ನು ತಡೆಹಿಡಿಯಿತಾದರೂ ಇದನ್ನು ತಡೆಯಲಿಲ್ಲ. ಈಗ ಎರಡೂ ಕಾಯ್ದೆಗಳನ್ನು ಪಕ್ಕಪಕ್ಕ ಇಟ್ಟು ಓದಿ. ರಾಜ್ಯದ ಕಾಯ್ದೆಯಲ್ಲಿ ನಿನ್ನೆ ಎದ್ದ ಗೋಡೆಗೆ ಕಾಲದ ಪ್ರಶ್ನೆಯೇ ಇಲ್ಲ. ಕೇಂದ್ರದ ಕಾಯ್ದೆಯಲ್ಲಿ ನೂರು ವರ್ಷದ ಬಳಕೆಯೂ ಕಾಗದ ಕೇಳುತ್ತದೆ. ಒಂದು ಕಡೆ ಕಾಲ ಬೇಡವಾಯಿತು, ಇನ್ನೊಂದು ಕಡೆ ಕಾಲ ಸಾಲದಾಯಿತು. ಎರಡರ ನಡುವೆ ಸತ್ತದ್ದು ನಿಜವಾದ ಹಳೆಯದು. ನಿಂತದ್ದೇ ಹಕ್ಕು ಎಂಬ ನ್ಯಾಯವನ್ನು ಇಂದು ನಾವು ಸಿಹಿ ತಿಂದು ಒಪ್ಪಿದರೆ, ನಾಳೆ ನಮ್ಮ ಕಬರಸ್ತಾನದ ಮೂಲೆಯಲ್ಲಿ ರಾತ್ರೋರಾತ್ರಿ ಏನಾದರೂ ನಿಂತಾಗ ಯಾವ ಬಾಯಿಯಿಂದ ಮಾತಾಡುತ್ತೇವೆ?

ಮೂರನೆಯದು ದೀನಿನದು. ಉರ್ದು ಶಾಲೆಯಲ್ಲಿ ನಮ್ಮ ಮೌಲವಿ ಸಾಬರು ಮದೀನಾದ ಮಸೀದಿಯ ಕಥೆ ಹೇಳುವಾಗ ಜಾಗದ ವಿಷಯಕ್ಕೆ ಬಂದು ನಿಲ್ಲುತ್ತಿದ್ದರು. ಪ್ರವಾದಿ ಮುಹಮ್ಮದ್(ಸ) ಅವರ ಒಂಟೆ ಕೂತ ಜಾಗ ಸಹಲ್ ಮತ್ತು ಸುಹೈಲ್ ಎಂಬ ಇಬ್ಬರು ಅನಾಥ ಹುಡುಗರದು, ಖರ್ಜೂರ ಒಣಗಿಸುವ ಕಣ. ಹುಡುಗರು ಪುಕ್ಕಟೆಯಾಗಿ ಕೊಡುತ್ತೇವೆ ಎಂದರು. ಪ್ರವಾದಿ(ಸ) ಒಪ್ಪಲಿಲ್ಲ, ಬೆಲೆ ಕೊಟ್ಟೇ ಪಡೆದರು. ಕಿತ್ತುಕೊಂಡ ನೆಲದ ಮೇಲಿನ ನಮಾಝಿನ ಬಗ್ಗೆ ಫಿಕ್ಹ್‌ನ ಪಂಡಿತರು ಬಹಳ ಚರ್ಚಿಸಿದ್ದಾರೆ. ಹನಫಿಗಳು ನಮಾಝ್ ಆಗುತ್ತದೆ ಆದರೆ ಗುನಾಹ್ ಉಳಿಯುತ್ತದೆ ಎನ್ನುತ್ತಾರೆ. ಹಂಬಲಿಗಳಲ್ಲಿ ನಮಾಝೇ ಆಗುವುದಿಲ್ಲ ಎನ್ನುವವರಿದ್ದಾರೆ. ಮದ್ರಸಾಗಳಲ್ಲಿ ಇದನ್ನು ಕಲಿತ ಇಮಾಮರೇ ನಮ್ಮ ಮೊಹಲ್ಲಾಗಳಿಗೆ ಬರುತ್ತಾರೆ, ಆದರೆ ಜುಮ್ಮಾ ಖುತ್ಬಾದಲ್ಲಿ ಈ ಪಾಠ ಕೇಳಿದ ನೆನಪು ನಮಗಿಲ್ಲ. ಸರಕಾರದ ಜಾಗ ಯಾರದೂ ಅಲ್ಲ ಎಂಬ ಭಾವನೆ ಎಲ್ಲಿಂದ ಬಂತೋ ಗೊತ್ತಿಲ್ಲ. ಅದು ಯಾರದೂ ಅಲ್ಲವೆನ್ನುವುದಾದರೆ ಅಕ್ಕಿ ಆರಿಸುತ್ತಿದ್ದ ನಮ್ಮ ಅಮ್ಮೀಜಾನ್ ಯಾರೂ ಅಲ್ಲವೇ, ರತ್ನಮ್ಮನವರು ಯಾರೂ ಅಲ್ಲವೇ?

ಹಾಗಾದರೆ ಮಸೀದಿ ಕೆಡವೋಣವೇ ಎಂದು ಕೇಳುವವರಿದ್ದಾರೆ. ನಾವು ಅದನ್ನು ಹೇಳುತ್ತಿಲ್ಲ. 2024ರ ನವೆಂಬರ್‌ನಲ್ಲಿ ಬುಲ್ಡೋಜರ್ ತೆರವುಗಳ ವಿರುದ್ಧ ತೀರ್ಪು ಕೊಟ್ಟ ಸುಪ್ರೀಂ ಕೋರ್ಟ್ ಕೂಡ ರಸ್ತೆ, ಫುಟ್‌ಪಾತುಗಳಂಥ ಸಾರ್ವಜನಿಕ ಜಾಗದ ಅನಧಿಕೃತ ಕಟ್ಟಡಗಳಿಗೆ ಆ ತೀರ್ಪಿನ ಆಶ್ರಯ ಕೊಟ್ಟಿಲ್ಲ. ಅದು ನಮಗೆ ಗೊತ್ತಿದೆ. ನಾವು ಕೇಳುವುದು ಸತ್ಯ ಹೇಳುವ ಅವಕಾಶವನ್ನು. ಇಂಥ ವರ್ಷ ಕಟ್ಟಿದೆವು, ಬೇರೆ ಜಾಗ ಇರಲಿಲ್ಲ, ಬೆಲೆ ಕಟ್ಟಿಕೊಳ್ಳಿ, ಇಲ್ಲವೇ ಬೇರೆ ಕಡೆ ಕೊಡಿ, ಉಳಿದ ಬಯಲನ್ನಾದರೂ ಹೆಂಗಸರಿಗೆ ಮಕ್ಕಳಿಗೆ ಬಿಡಿಸಿಕೊಡಿ ಎಂದು ಬರೆಯಬಹುದಾದ ಒಂದು ಅರ್ಜಿ. ಅಂಥ ಅರ್ಜಿಗೆ ಉತ್ತರ ಕೊಡುವ ಕಾಲಂ 2021ರ ಕಾಯ್ದೆಯಲ್ಲೂ ಇಲ್ಲ, ನಮ್ಮ ಸಮಿತಿಗಳ ರಿಜಿಸ್ಟರಿನಲ್ಲೂ ಇಲ್ಲ.

ಹಾಜಿ ಸಾಬರು ಈಗಿಲ್ಲ. ಅವರ ಮಗ ಕಾರ್ಯದರ್ಶಿ. ಕಳೆದ ವರ್ಷದ ಕೊನೆಯಲ್ಲಿ, ವಕ್ಫ್ ಆಸ್ತಿಗಳ ವಿವರವನ್ನೆಲ್ಲ ಪೋರ್ಟಲಿಗೆ ತುಂಬಬೇಕೆಂದು ಎಲ್ಲ ಕಡೆ ಗಡಿಬಿಡಿ ನಡೆದಿದ್ದಾಗ, ಆತ ಲ್ಯಾಪ್‌ಟಾಪ್ ಹಿಡಿದುಕೊಂಡು ನಮ್ಮ ಮನೆಗೆ ಬಂದ. ನಮ್ಮ ಮಸೀದಿ ವಕ್ಫ್ ಪಟ್ಟಿಯಲ್ಲಿ ಇರಲೇ ಇಲ್ಲ. ಆದರೂ ಒಂದು ಟಿಪ್ಪಣಿ ತಯಾರಿರಲಿ, ಯಾರಾದರೂ ಕೇಳಿದರೆ ಕೊಡೋಣ ಎಂಬುದು ಅವನ ಯೋಚನೆ. ಬಾಜಿ ಚಹಾ ತಂದಿಟ್ಟರು. ಆತ ತಂದೆಯ ಕಾಲದ ಕಡತ ಬಿಚ್ಚಿದ. ನಮ್ಮ ಅಕ್ಷರದ ಕರಡು ಅದರಲ್ಲಿ ಇನ್ನೂ ಇತ್ತು, ಅಂಚು ಹಳದಿಯಾಗಿತ್ತು.

"ಚಾಚಾ, ಇದರಲ್ಲಿ ಅನಾದಿ ಕಾಲ ಅಂತ ಇದೆ. ವರ್ಷ ಹಾಕಬೇಕಲ್ಲ, ಎಷ್ಟು ಅಂತ ಹಾಕೋಣ?"

1998 ಎಂದೆವು.

ಹುಡುಗ ಸ್ವಲ್ಪ ಹೊತ್ತು ನಮ್ಮ ಮುಖ ನೋಡಿದ. ಟೈಪು ಮಾಡಲಿಲ್ಲ. ಚಹಾ ಮುಗಿಸಿ, ಲ್ಯಾಪ್‌ಟಾಪ್ ಮುಚ್ಚಿ, ಕಡತವನ್ನು ಕಂಕುಳಲ್ಲಿ ಇಟ್ಟುಕೊಂಡು, "ಕಮಿಟಿಯವರನ್ನು ಕೇಳಿ ಬರ್ತೀನಿ ಚಾಚಾ" ಎಂದು ಹೋದ. ಇನ್ನೂ ಬಂದಿಲ್ಲ.